4625ರ ಗುಂಯ್ ಸದ್ದು, ಅಂಕಿ ಓದುವ ದನಿ: ಶಾರ್ಟ್‌ವೇವ್‌ನ ಅನಾಮಿಕ ಸಿಗ್ನಲ್‌ಗಳನ್ನು ಗುರುತಿಸುವುದು ಹೇಗೆ?

ಪ್ರಶ್ನೆ: ಎಸ್‌ಎಸ್‌ಬಿ (ಒಂದೇ ಸೈಡ್‌ಬ್ಯಾಂಡ್‌ನ ಪ್ರಸಾರ ಹಿಡಿಯುವ ಸೌಲಭ್ಯ) ಇರುವ ಒಂದು ಪೋರ್ಟಬಲ್ ರೇಡಿಯೊ, ಒಂದು ಆರ್‌ಟಿಎಲ್-ಎಸ್‌ಡಿಆರ್ ವಿ3 ಡಾಂಗಲ್ (ಕಂಪ್ಯೂಟರಿಗೆ ಚುಚ್ಚಿ ಸಾಫ್ಟ್‌ವೇರ್ ಮೂಲಕ ಕೇಳುವ ರೇಡಿಯೊ) ನನ್ನ ಬಳಿ ಇವೆ. ರಾತ್ರಿ 4625 ಕಿಲೋಹರ್ಟ್ಸ್ ಆಸುಪಾಸಿನಲ್ಲಿ ಎಡೆಬಿಡದೆ ಗುಂಯ್‌ಗುಡುವ ಸದ್ದು ಕೇಳಿಸುತ್ತದೆ. ಒಮ್ಮೆ ಬೇರೊಂದು ಕಡೆ ಗಂಡಸಿನ ದನಿಯೊಂದು ಇಂಗ್ಲಿಷಿನಲ್ಲಿ ಅಂಕಿಗಳನ್ನು ಓದಿ ಕೆಲವೇ ನಿಮಿಷಗಳಲ್ಲಿ ಮಾಯವಾಯಿತು. ಮತ್ತೊಂದು ಕಡೆ ಬ್ಯಾಂಡಿನ ಒಂದು ಭಾಗವನ್ನೇ ಮುಚ್ಚಿಹಾಕುವ ಟರ್ರ್ ಎಂಬ ಸದ್ದು. ಇವು ಯಾರವು? ಆ ಅಂಕಿಗಳನ್ನು ಬಿಡಿಸಿ ಓದಬಹುದೇ? ಎಸ್‌ಡಿಆರ್‌ನಲ್ಲಂತೂ ಬರೀ ಗದ್ದಲ. ಸರಿಯಾಗಿ ಕೇಳಲು ಎಲ್ಲಿಂದ ಶುರು ಮಾಡಲಿ?

ಉತ್ತರ: ಚಿಕ್ಕದಾಗಿ ಹೇಳಿಬಿಡುತ್ತೇನೆ. 4625ರಲ್ಲಿ ನಿಜಕ್ಕೂ ಒಂದು ಹೆಸರುವಾಸಿ ಸಿಗ್ನಲ್ ಇದೆ, ರಷ್ಯಾದ ಸೇನಾ ಜಾಲದ್ದು, ಕೇಳುಗರು ಅದನ್ನು 'ಬಜರ್' ಎನ್ನುತ್ತಾರೆ. ಆದರೆ ನೀವು 'ಎಡೆಬಿಡದೆ' ಎಂದು ಬರೆದಿದ್ದೀರಿ. ಬಜರ್ ಎಡೆ ಬಿಟ್ಟೇ ಗುಂಯ್‌ಗುಡುತ್ತದೆ. ಹಾಗಾಗಿ ನೀವು ಕೇಳಿದ್ದು ನಿಮ್ಮದೇ ಮನೆಯ ಚಾರ್ಜರ್ ಆಗಿರುವ ಸಾಧ್ಯತೆ ಕಡಿಮೆಯೇನಲ್ಲ. ಅಂಕಿ ಓದುವ ದನಿ ಬೇಹುಗಾರರಿಗೆ ಹೋಗುವ ಸಂದೇಶವಿರಬಹುದು, ವಿಮಾನಗಳಿಗೆ ಹವಾಮಾನ ಹೇಳುವ ಕೇಂದ್ರವೂ ಇರಬಹುದು. ಟರ್ರ್ ಎನ್ನುವುದು ಬಹುಮಟ್ಟಿಗೆ ರೇಡಾರ್. ಬೇಹುಗಾರಿಕೆಯ ಅಂಕಿಗಳನ್ನು ಬಿಡಿಸಲು ಯಾರಿಂದಲೂ ಆಗುವುದಿಲ್ಲ.

ಶಾರ್ಟ್‌ವೇವ್‌ನಲ್ಲಿ 'ಕಳಿಸುತ್ತಿರುವುದು ಯಾರು' ಎಂಬುದಕ್ಕೆ ಬಹಳಷ್ಟು ಸಲ ಉತ್ತರ ಸಿಗುತ್ತದೆ; 'ಏನು ಕಳಿಸುತ್ತಿದ್ದಾರೆ' ಎಂಬುದಕ್ಕೆ ಸಿಗುವುದಿಲ್ಲ. ಶ್ರಮವನ್ನೆಲ್ಲ ಮೊದಲನೆಯದಕ್ಕೆ ಹಾಕಿ. ಆ ಕೆಲಸ ಒಂದೊಂದನ್ನೇ ತಳ್ಳಿಹಾಕುತ್ತ ಹೋಗುವಂಥದ್ದು: ಮೊದಲು ಮನೆಯೊಳಗಿನ ಸದ್ದು, ಆಮೇಲೆ ರಿಸೀವರ್ ತಾನೇ ಹುಟ್ಟಿಸಿದ ಸದ್ದು, ಅದಾದ ಮೇಲೆ ಈಗಾಗಲೇ ಹೆಸರು ಸಿಕ್ಕಿರುವ ಸಿಗ್ನಲ್‌ಗಳು. ಇಷ್ಟು ಜರಡಿ ಹಿಡಿದ ಮೇಲೂ ಉಳಿಯುವುದು ತೀರಾ ಕಡಿಮೆ.

ಮೊದಲು ಮನೆ

ಪೋರ್ಟಬಲ್ ರೇಡಿಯೊವನ್ನು ಬ್ಯಾಟರಿಯಲ್ಲೇ ಓಡಿಸಿ. 5 ಮೆಗಾಹರ್ಟ್ಸ್ ಸುತ್ತಮುತ್ತ ಯಾವ ಕೇಂದ್ರವೂ ಇಲ್ಲದ ಜಾಗಕ್ಕೆ ತಿರುಗಿಸಿ, ಎಎಂ ಮೋಡ್‌ನಲ್ಲಿ ಗದ್ದಲದ ಮಟ್ಟವನ್ನು ಮೀಟರಿನಲ್ಲಿ ನೋಡಿಟ್ಟುಕೊಳ್ಳಿ. ಈಗ ಮನೆಯ ಮೇನ್ ಸ್ವಿಚ್ ಆರಿಸಿ. ಗದ್ದಲ ತಟ್ಟನೆ ಇಳಿದರೆ ಕಳ್ಳ ಒಳಗೇ ಇದ್ದಾನೆ. ಒಂದೊಂದೇ ಎಂಸಿಬಿ ಮೇಲೆತ್ತುತ್ತ ಬಂದರೆ ಯಾವ ಕೋಣೆ ಎಂಬುದು ತಿಳಿಯುತ್ತದೆ. ಆ ಕೋಣೆಯಲ್ಲಿ ರೇಡಿಯೊ ಹಿಡಿದು ಓಡಾಡಿದರೆ ಯಾವ ಡಬ್ಬಿ ಎಂಬುದೂ. ಸಾಮಾನ್ಯವಾಗಿ ಸಿಕ್ಕಿಬೀಳುವವರು ಫೋನ್ ಚಾರ್ಜರ್, ಎಲ್‌ಇಡಿ ದೀಪದ ಡ್ರೈವರ್, ಲ್ಯಾಪ್‌ಟಾಪ್ ಅಡಾಪ್ಟರ್, ಟಿವಿ, ಸೋಲಾರ್ ಇನ್ವರ್ಟರ್, ಎಲೆಕ್ಟ್ರಾನಿಕ್ ರೆಗ್ಯುಲೇಟರ್. ಫೋನ್ ತೆಗೆದರೂ ಪ್ಲಗ್‌ನಲ್ಲೇ ಇರುವ ಚಾರ್ಜರ್ ಕೂಡ ಸದ್ದು ಮಾಡುತ್ತದೆ, ಕಿತ್ತೇ ನೋಡಿ.

ಎಸ್‌ಡಿಆರ್ ಪರದೆಯಲ್ಲಿ ಇಂಥ ಗದ್ದಲಕ್ಕೆ ತನ್ನದೇ ಚಹರೆ ಇದೆ. ಸ್ವಿಚಿಂಗ್ ಪವರ್ ಸಪ್ಲೈ ಕೆಲವು ಹತ್ತು ಕಿಲೋಹರ್ಟ್ಸ್‌ಗಳ ಸಮ ಅಂತರದಲ್ಲಿ ಉಬ್ಬುಗಳ ಸಾಲನ್ನೇ ಎಬ್ಬಿಸುತ್ತದೆ. ಆ ಉಬ್ಬುಗಳು ಅಗಲವಾಗಿ, ಅಂಚು ಮಸುಕಾಗಿ ಇರುತ್ತವೆ, ಸಾಧನ ಬಿಸಿಯಾಗುತ್ತಿದ್ದಂತೆ ಪಕ್ಕಕ್ಕೆ ಜರುಗುತ್ತವೆ. ನಿಜವಾದ ಪ್ರಸಾರ ಕೇಂದ್ರ ಹಾಗೆ ಜರುಗುವುದಿಲ್ಲ. ಕೇಳಲು ಅದು ಎಡೆಬಿಡದ ಗುಂಯ್, ಏಕೆಂದರೆ ಮೇನ್ಸ್ ವಿದ್ಯುತ್ತಿನ ದುಪ್ಪಟ್ಟು, ಅಂದರೆ 100 ಅಥವಾ 120 ಹರ್ಟ್ಸ್‌ನ ಲಯ ಅದರ ಮೇಲೆ ಏರಿ ಕುಳಿತಿರುತ್ತದೆ.

ಎಸ್‌ಡಿಆರ್‌ನಲ್ಲಿ ಗದ್ದಲ ಹೆಚ್ಚಿರುವುದಕ್ಕೆ ಇನ್ನೊಂದು ಕಾರಣ ಅದನ್ನು ಚುಚ್ಚಿರುವ ಕಂಪ್ಯೂಟರೇ. ಡಾಂಗಲನ್ನು ನೇರವಾಗಿ ಲ್ಯಾಪ್‌ಟಾಪಿಗೆ ಚುಚ್ಚಬೇಡಿ. ಒಳ್ಳೆಯ ಕವಚವಿರುವ ಒಂದೆರಡು ಮೀಟರ್ ಯುಎಸ್‌ಬಿ ಕೇಬಲ್ ಬಳಸಿ, ಅದಕ್ಕೆ ಫೆರೈಟ್ ಕ್ಲಿಪ್ (ಗದ್ದಲ ತಡೆಯುವ ಕಾಂತೀಯ ತುಂಡು) ಹಾಕಿ, ಲ್ಯಾಪ್‌ಟಾಪನ್ನು ಬ್ಯಾಟರಿಯಲ್ಲಿ ಓಡಿಸಿ. ಆಂಟೆನಾದ ಕೋಆಕ್ಸ್ ಕೇಬಲ್‌ನ ಹೊರ ಹೆಣಿಗೆಯ ಮೇಲೂ ಮನೆಯ ಗದ್ದಲ ಹರಿಯುತ್ತದೆ. ಹೊರಗೆ ಕಟ್ಟಿದ ಆಂಟೆನಾದವರೆಗೆ ಹೋಗಿ ಅಲ್ಲಿಂದ ಸಿಗ್ನಲ್‌ನ ಜೊತೆ ಒಳಗೆ ಬರುತ್ತದೆ. ತಂತಿಯನ್ನು ಎಷ್ಟು ದೂರ ಕಟ್ಟಿದರೂ ಗದ್ದಲ ಹೋಗಲಿಲ್ಲ ಎನ್ನುವವರ ತೊಂದರೆ ಹೆಚ್ಚಾಗಿ ಇದೇ. ಪರಿಹಾರ ಚೋಕ್: ಎಫ್‌ಟಿ240-31 ಫೆರೈಟ್ ರಿಂಗಿನೊಳಗೆ ಅದೇ ಕೋಆಕ್ಸನ್ನು 10ರಿಂದ 12 ಸುತ್ತು ಸುತ್ತಿ. ಕೇಬಲ್ ತೆಳುವಾದ ಆರ್‌ಜಿ-174 ಆದರೆ ಸುತ್ತುವುದು ಸುಲಭ. ಒಂದನ್ನು ಆಂಟೆನಾದ ತುದಿಯಲ್ಲಿ, ಸಾಧ್ಯವಾದರೆ ಇನ್ನೊಂದನ್ನು ಕೇಬಲ್ ಮನೆಯೊಳಗೆ ಬರುವ ಜಾಗದಲ್ಲಿ ಹಾಕಿ.

ಆಂಟೆನಾಕ್ಕೆ 10ರಿಂದ 15 ಮೀಟರ್ ಇನ್ಸುಲೇಟೆಡ್ ತಂತಿ ಸಾಕು. ಉದ್ದಕ್ಕಿಂತ ಮುಖ್ಯ ಅದು ಮನೆಯ ವೈರಿಂಗ್‌ನಿಂದ ಎಷ್ಟು ದೂರ ಇದೆ ಎಂಬುದು. ತಂತಿಗೂ ಕೋಆಕ್ಸ್‌ಗೂ ನಡುವೆ 9:1 ಟ್ರಾನ್ಸ್‌ಫಾರ್ಮರ್ ಬೇಕು: ಎಫ್‌ಟಿ140-43 ರಿಂಗಿನ ಮೇಲೆ ಕೋಆಕ್ಸ್ ಕಡೆಗೆ 3 ಸುತ್ತು, ತಂತಿಯ ಕಡೆಗೆ 9 ಸುತ್ತು. ಸುತ್ತುಗಳ ಅನುಪಾತ 3 ಆದ್ದರಿಂದ ಇಂಪಿಡೆನ್ಸ್ ಅನುಪಾತ ಅದರ ವರ್ಗ, 9. ಹೀಗೆ ಸುಮಾರು 450 ಓಮ್ 50ಕ್ಕೆ ಇಳಿಯುತ್ತದೆ. ಎರಡು ಸುತ್ತುಗಳನ್ನೂ ಬೇರೆ ಬೇರೆ ತಂತಿಯಲ್ಲಿ, ಒಂದಕ್ಕೊಂದು ತಾಗದಂತೆ ಸುತ್ತಿ. ಒಂದೇ ತಂತಿಯಿಂದ ಮಧ್ಯೆ ಕೊಂಡಿ ಎಳೆದು ಮಾಡಿದ ಟ್ರಾನ್ಸ್‌ಫಾರ್ಮರ್ ಕೋಆಕ್ಸ್‌ನ ಗದ್ದಲವನ್ನು ತಡೆಯುವುದಿಲ್ಲ. 9 ಸುತ್ತಿನ ಇನ್ನೊಂದು ತುದಿ ನೆಲಕ್ಕೆ ಹೊಡೆದ ಒಂದು ಮೀಟರ್ ಸರಳಿಗೆ ಹೋಗಲಿ. ಮನೆಯ ಮೇನ್ಸ್ ಅರ್ತ್‌ಗೆ ಕೊಟ್ಟರೆ ಕಷ್ಟಪಟ್ಟು ಹೊರಗಟ್ಟಿದ ಗದ್ದಲವನ್ನು ನೀವೇ ಕರೆದು ತಂದಂತಾಗುತ್ತದೆ. ಗುಡುಗು ಸಿಡಿಲಿನ ಸೂಚನೆ ಕಂಡರೆ ಕೇಬಲನ್ನು ರೇಡಿಯೊದಿಂದ ಕಿತ್ತು ಹೊರಗಿಡಬೇಕು. ಸ್ವಿಚ್ ಆರಿಸಿದರೆ ಸಾಲದು.

ಪೋರ್ಟಬಲ್ ರೇಡಿಯೊಗೆ ಈ ಉದ್ದದ ತಂತಿ ಬೇಡ. ಅದರ ಮುಂಭಾಗದ ಸರ್ಕಿಟ್ ಅದರದೇ ಕಡ್ಡಿ ಆಂಟೆನಾಕ್ಕೆಂದೇ ಮಾಡಿದ್ದು. 4–5 ಮೀಟರ್ ಮೀರಿದರೆ ಬಲವಾದ ಕೇಂದ್ರಗಳು ಒಂದರ ಮೇಲೊಂದು ಬಿದ್ದು ಇಲ್ಲದ ಸಿಗ್ನಲ್‌ಗಳು ಹುಟ್ಟುತ್ತವೆ. ತಂತಿ ಕಟ್ಟಲು ಜಾಗವೇ ಇಲ್ಲದವರಿಗೆ ಸುಮಾರು 1 ಮೀಟರ್ ವ್ಯಾಸದ ಲೂಪ್ ಒಳ್ಳೆಯದು. ಅದನ್ನು ತಿರುಗಿಸುತ್ತ ಹೋದರೆ ಹತ್ತಿರದ ಗದ್ದಲ ಒಂದು ಕೋನದಲ್ಲಿ ಚೆನ್ನಾಗಿ ಅಡಗುತ್ತದೆ. ದೂರದ ಕೇಂದ್ರದ ದಿಕ್ಕು ಹಿಡಿಯಲು ಮಾತ್ರ ಈ ಉಪಾಯ ನಡೆಯದು, ಅಯಾನುಗೋಲದಿಂದ (ವಾತಾವರಣದ ಮೇಲ್ಭಾಗದ ವಿದ್ಯುದಾವೇಶದ ಪದರಗಳಿಂದ) ಇಳಿದು ಬರುವ ಅಲೆ ಆ ಕೋನವನ್ನು ಮಸುಕು ಮಾಡಿಬಿಡುತ್ತದೆ.

ರಿಸೀವರ್ ಹುಟ್ಟಿಸುವ ದೆವ್ವಗಳು

ವಿ3 ಡಾಂಗಲ್‌ನ ಟ್ಯೂನರ್ 24 ಮೆಗಾಹರ್ಟ್ಸ್‌ಗಿಂತ ಕೆಳಗೆ ಕೆಲಸ ಮಾಡುವುದಿಲ್ಲ. ಹಾಗಾಗಿ ಸಾಫ್ಟ್‌ವೇರ್‌ನಲ್ಲಿ 'ಡೈರೆಕ್ಟ್ ಸ್ಯಾಂಪ್ಲಿಂಗ್, ಕ್ಯೂ ಬ್ರ್ಯಾಂಚ್' ಆರಿಸಬೇಕು. ಆಗ ಟ್ಯೂನರನ್ನು ದಾಟಿಕೊಂಡು ಸಿಗ್ನಲ್ ನೇರ ಡಿಜಿಟಲ್ ಚಿಪ್‌ಗೆ ಹೋಗುತ್ತದೆ. ಇದರಿಂದ ಎರಡು ತೊಂದರೆ. ಗೇನ್ ಗುಂಡಿ ಕೆಲಸ ಮಾಡುವುದಿಲ್ಲ, ಹಾಗಾಗಿ ಹತ್ತಿರದ ಮೀಡಿಯಂ ವೇವ್ ಕೇಂದ್ರವೊಂದೇ ಇಡೀ ಪರದೆಯನ್ನು ಹಾಳುಮಾಡಬಲ್ಲದು. ಅದಕ್ಕೆ ಮೀಡಿಯಂ ವೇವ್ ತಡೆಯುವ ಫಿಲ್ಟರ್ ಹಾಕಿ. ಎರಡನೆಯದು ಕನ್ನಡಿ ಪ್ರತಿಬಿಂಬ. ಚಿಪ್ ಸೆಕೆಂಡಿಗೆ 2.88 ಕೋಟಿ ಸಲ ಅಳೆಯುವುದರಿಂದ 14.4 ಮೆಗಾಹರ್ಟ್ಸ್‌ನ ಎರಡೂ ಕಡೆಯವು ಒಂದರ ಮೇಲೊಂದು ಮಡಚಿಕೊಳ್ಳುತ್ತವೆ: 28.8ರಿಂದ ನಿಜವಾದ ಫ್ರೀಕ್ವೆನ್ಸಿ ಕಳೆದರೆ ಪ್ರತಿಬಿಂಬ ಎಲ್ಲಿ ಎಂಬುದು ಸಿಗುತ್ತದೆ. 11.8ರಲ್ಲಿರುವ ಕೇಂದ್ರ 17.0ರಲ್ಲೂ ಕಾಣುತ್ತದೆ. ಪ್ರತಿಬಿಂಬದಲ್ಲಿ ಮೇಲು ಕೆಳಗು ಅದಲುಬದಲಾಗಿರುತ್ತದೆ. ಯುಎಸ್‌ಬಿಯಲ್ಲಿ ಸರಿಯಾಗಿ ಕೇಳಬೇಕಾದ ಮಾತು ಎಲ್‌ಎಸ್‌ಬಿಯಲ್ಲಿ ಸರಿಯಾಗಿ ಕೇಳಿದರೆ ಮೊದಲು ಇದನ್ನೇ ಶಂಕಿಸಿ. (ರೇಡಿಯೊದ ಮೇಲಿನ ಯುಎಸ್‌ಬಿ ಎಂದರೆ ಅಪ್ಪರ್ ಸೈಡ್‌ಬ್ಯಾಂಡ್, ಎಲ್‌ಎಸ್‌ಬಿ ಎಂದರೆ ಲೋವರ್ ಸೈಡ್‌ಬ್ಯಾಂಡ್. ಮೇಲೆ ಹೇಳಿದ ಕೇಬಲ್ಲಿಗೂ ಅದಕ್ಕೂ ಸಂಬಂಧವಿಲ್ಲ.) ವಿ4 ಮಾದರಿಯಲ್ಲಿ ಒಳಗೇ ಅಪ್‌ಕನ್ವರ್ಟರ್ ಇರುವುದರಿಂದ ಈ ಮಡಚುವಿಕೆ ಇಲ್ಲ.

455 ಕಿಲೋಹರ್ಟ್ಸ್ ಐಎಫ್ (ರೇಡಿಯೊ ಒಳಗಿನ ಮಧ್ಯಂತರ ಫ್ರೀಕ್ವೆನ್ಸಿ) ಇರುವ ಸರಳ ರೇಡಿಯೊಗಳಲ್ಲಿ ಬಲವಾದ ಕೇಂದ್ರವೊಂದು ತನ್ನ ನಿಜ ಸ್ಥಾನಕ್ಕಿಂತ 910 ಕಿಲೋಹರ್ಟ್ಸ್ ಕೆಳಗೂ ಕೇಳಿಸುತ್ತದೆ. ಅನುಮಾನ ಬಂದರೆ ಡಯಲನ್ನು 910 ಮೇಲಕ್ಕೆ ಒಯ್ದು ನೋಡಿ.

ದೆವ್ವವೋ ನಿಜವೋ ಎಂದು ತಿಳಿಯಲು, ಸಿಗ್ನಲ್‌ನ ಬಲ ತಗ್ಗಿಸುವ 10 ಡೆಸಿಬಲ್ ಅಟೆನ್ಯುಯೇಟರಿನಷ್ಟು ಅಗ್ಗದ, ನಂಬಿಕಸ್ತ ಉಪಕರಣ ಬೇರೊಂದಿಲ್ಲ. ಅದನ್ನು ಆಂಟೆನಾ ಮತ್ತು ರಿಸೀವರ್ ನಡುವೆ ಹಾಕಿ. ನಿಜವಾದ ಸಿಗ್ನಲ್ 10 ಡೆಸಿಬಲ್‌ನಷ್ಟೇ ಇಳಿಯುತ್ತದೆ. ರಿಸೀವರ್‌ನೊಳಗೆ ಎರಡು ಬಲವಾದ ಕೇಂದ್ರಗಳು ಬೆರೆತು ಹುಟ್ಟಿದ್ದಾದರೆ 20 ಅಥವಾ 30 ಡೆಸಿಬಲ್ ಕುಸಿಯುತ್ತದೆ, ಹೆಚ್ಚಿನ ಸಲ ಪೂರ್ತಿ ಮಾಯವಾಗುತ್ತದೆ. ಕನ್ನಡಿ ಪ್ರತಿಬಿಂಬ ಮಾತ್ರ ಈ ಪರೀಕ್ಷೆಯಲ್ಲಿ ಸಿಕ್ಕಿಬೀಳುವುದಿಲ್ಲ, ಅದೂ 10ರಷ್ಟೇ ಇಳಿಯುತ್ತದೆ. ಅದಕ್ಕೆ ಮೇಲಿನ ಲೆಕ್ಕವೇ ಬೇಕು.

ಕೊನೆಯ ತೀರ್ಪಿಗೆ ಇನ್ನೊಬ್ಬರ ರಿಸೀವರ್ ಬಳಸಿ. ನೆದರ್‌ಲ್ಯಾಂಡ್ಸ್‌ನ ಟ್ವೆಂಟೆ ವಿಶ್ವವಿದ್ಯಾಲಯದ ವೆಬ್‌ಎಸ್‌ಡಿಆರ್ 0ಯಿಂದ 29 ಮೆಗಾಹರ್ಟ್ಸ್‌ವರೆಗೆ ಬ್ರೌಸರಿನಲ್ಲೇ ಕೇಳಿಸುತ್ತದೆ. 10 ಕಿಲೋಹರ್ಟ್ಸ್‌ನಿಂದ 30 ಮೆಗಾಹರ್ಟ್ಸ್‌ವರೆಗಿನ ಕಿವಿಎಸ್‌ಡಿಆರ್ (KiwiSDR) ಎಂಬ ಅಂತರ್ಜಾಲ ರಿಸೀವರ್‌ಗಳನ್ನು ಹಲವು ದೇಶಗಳ ಹವ್ಯಾಸಿಗಳು ಎಲ್ಲರಿಗೂ ತೆರೆದಿಟ್ಟಿದ್ದಾರೆ. ನೀವು ಕೇಳುತ್ತಿರುವುದೇ ಅದೇ ಹೊತ್ತಿಗೆ ಅಲ್ಲೂ ಕೇಳಿಸಿದರೆ ಅದು ಆಕಾಶದ್ದು. ಕೇಳಿಸದಿದ್ದರೆ ತಳ್ಳಿಹಾಕಬೇಡಿ, ಅಲೆ ಅಲ್ಲಿಗೆ ತಲುಪದೆಯೂ ಇರಬಹುದು. ನಿಮಗೆ ಹತ್ತಿರದ ಇನ್ನೊಂದನ್ನು ನೋಡಿ.

ಡಯಲ್ ನಿಖರವಾಗಿಲ್ಲದಿದ್ದರೆ ಯಾವ ಪಟ್ಟಿಯ ಜೊತೆ ಹೋಲಿಸಿಯೂ ಪ್ರಯೋಜನವಿಲ್ಲ. 10 ಮೆಗಾಹರ್ಟ್ಸ್‌ನಲ್ಲಿ ಅಮೆರಿಕದ ಡಬ್ಲ್ಯೂಡಬ್ಲ್ಯೂವಿ ಅಥವಾ ಚೀನಾದ ಬಿಪಿಎಂ ಸಮಯ ಸಂಕೇತ ಸಿಗುತ್ತದೆ, 9996 ಕಿಲೋಹರ್ಟ್ಸ್‌ನಲ್ಲಿ ಮಾಸ್ಕೋದ ಆರ್‌ಡಬ್ಲ್ಯೂಎಂ. ಸಾಧನವನ್ನು ಇಪ್ಪತ್ತು ನಿಮಿಷ ಬಿಸಿಯಾಗಲು ಬಿಡಿ. ಡಯಲನ್ನು 9999ಕ್ಕೆ ಇಟ್ಟು ಯುಎಸ್‌ಬಿಯಲ್ಲಿ, 10001ಕ್ಕೆ ಇಟ್ಟು ಎಲ್‌ಎಸ್‌ಬಿಯಲ್ಲಿ ಕೇಳಿ. ಎರಡರಲ್ಲೂ 1000 ಹರ್ಟ್ಸ್‌ನ ಒಂದೇ ಸ್ವರ ಬರಬೇಕು. ವ್ಯತ್ಯಾಸವಿದ್ದರೆ ಪಿಪಿಎಂ (ಹತ್ತು ಲಕ್ಷಕ್ಕೆ ಎಷ್ಟು ಭಾಗ) ತಿದ್ದುಪಡಿ ಹಾಕಿ. 1 ಪಿಪಿಎಂ ಎಂದರೆ ಈ ಜಾಗದಲ್ಲಿ 10 ಹರ್ಟ್ಸ್.

ಬಜರ್

ಈಗ 4625ಕ್ಕೆ ಬನ್ನಿ. ಮೋಡ್ ಯುಎಸ್‌ಬಿ, ಫಿಲ್ಟರ್ ಸುಮಾರು 3 ಕಿಲೋಹರ್ಟ್ಸ್. ಸೆಕೆಂಡಿಗಿಂತ ತುಸು ಹೆಚ್ಚು ಹೊತ್ತು ಒರಟಾದ ಗುಂಯ್, ಹೆಚ್ಚುಕಡಿಮೆ ಅಷ್ಟೇ ಮೌನ, ಮತ್ತೆ ಗುಂಯ್. ನಿಮಿಷಕ್ಕೆ ಸುಮಾರು 25 ಸಲ. ಗಡಿಯಾರ ಹಿಡಿದು ಎಣಿಸಿ. ಮೌನವೇ ಇಲ್ಲದಿದ್ದರೆ ಚಾರ್ಜರ್ ಹುಡುಕುವ ಕೆಲಸಕ್ಕೆ ವಾಪಸ್ ಹೋಗಿ. ಎಸ್‌ಡಿಆರ್ ಪರದೆಯಲ್ಲಿ ಅದು 4625ರಿಂದ ಮೇಲಕ್ಕಷ್ಟೇ ಹರಡಿಕೊಂಡಿರುವುದು ಕಾಣುತ್ತದೆ, ಕೆಳಗಿನ ಸೈಡ್‌ಬ್ಯಾಂಡ್ ಕತ್ತರಿಸಿರುತ್ತದೆ.

ಈ ಗುಂಯ್‌ಗೆ ಅರ್ಥವಿಲ್ಲ. ಅದು ಚಾನೆಲ್‌ಗೆ ಟವೆಲ್ ಹಾಕಿಟ್ಟ ಹಾಗೆ: ಜಾಗ ನಮ್ಮದು, ಟ್ರಾನ್ಸ್‌ಮಿಟರ್ ಸರಿ ಇದೆ, ಕೇಳುತ್ತಿರುವ ಘಟಕಗಳ ರಿಸೀವರ್ ಸರಿಯಾಗಿ ಟ್ಯೂನ್ ಆಗಿದೆ ಎಂಬುದಷ್ಟೇ. ಕೆಲಸದ ವಿಷಯ ಬರುವುದು ಗುಂಯ್ ನಿಂತಾಗ. 1997ರ ಡಿಸೆಂಬರ್ 24ರಂದು ಹವ್ಯಾಸಿಗಳು ದಾಖಲಿಸಿದ ಸಂದೇಶ ಅದರ ಅಚ್ಚು ಹೇಗಿರುತ್ತದೆಂದು ತೋರಿಸುತ್ತದೆ: ಯುವಿಬಿ-76 ಎಂಬ ಕರೆಹೆಸರು, 18008 ಎಂಬ ಐದು ಅಂಕಿ, 'ಬ್ರೋಮಾಲ್' ಎಂಬ ಸಂಕೇತಪದ, ಕೊನೆಗೆ 74 27 99 14. 2010ರ ಸೆಪ್ಟೆಂಬರ್‌ನಲ್ಲಿ ಕರೆಹೆಸರು ಎಂಡಿಝಡ್‌ಎಚ್‌ಬಿ ಆಯಿತು, ಆಮೇಲೂ ಹಲವು ಸಲ ಬದಲಾಗಿದೆ. ಹಳೆಯ ಹೆಸರೇ ಕೇಳುಗರ ಬಾಯಲ್ಲಿ ಉಳಿದಿದೆ. ಅಕ್ಷರಗಳನ್ನು ರಷ್ಯನ್ ಹೆಸರುಗಳ ಮೂಲಕ ಬಿಡಿಸಿ ಹೇಳುತ್ತಾರೆ: ಮಿಖಾಯಿಲ್, ದ್ಮಿತ್ರಿ, ಝೆನ್ಯಾ, ಬೋರಿಸ್. ಅಕ್ಷರಗಳ ಇಂಥ ಹೆಸರುಗಳು, ಸೊನ್ನೆಯಿಂದ ಒಂಬತ್ತರವರೆಗೆ ರಷ್ಯನ್ ಅಂಕಿಗಳು ಕಿವಿಗೆ ಕೂತರೆ ಸಂದೇಶ ಬರೆದುಕೊಳ್ಳಲು ಸಾಕು. 2001ರಲ್ಲೊಮ್ಮೆ ಗುಂಯ್‌ನ ಹಿಂದೆ ಜನ ಮಾತಾಡುವುದು ಕೇಳಿಸಿತ್ತು. ಸದ್ದು ಹೊರಡಿಸುವ ಸಾಧನದ ಬಳಿ ತೆರೆದ ಮೈಕ್ ಇತ್ತು ಎಂಬುದು ಅದರಿಂದ ಗೊತ್ತಾಯಿತು.

ಗುಂಯ್ ನಿಂತರೆ ಅಣ್ವಸ್ತ್ರ ಹಾರುತ್ತದೆ ಎಂಬ ಕತೆ ವಿಡಿಯೊಗಳಲ್ಲಿ ಬಹಳ ಓಡುತ್ತದೆ. 2010ರ ಜೂನ್ 5ರಂದು ಅದು ನಿಂತಿತ್ತು, ಮರುದಿನ ಶುರುವಾಯಿತು, ಏನೂ ಹಾರಲಿಲ್ಲ. ಇನ್ನೊಂದು ಎಚ್ಚರಿಕೆ: ಫ್ರೀಕ್ವೆನ್ಸಿ ಎಲ್ಲರಿಗೂ ಗೊತ್ತಿರುವುದರಿಂದ ಕಿಡಿಗೇಡಿಗಳು ಅದರ ಮೇಲೆ ತಮ್ಮ ಸದ್ದು ಹಾಕುತ್ತಾರೆ. 2022ರ ಜನವರಿಯಲ್ಲಿ ಸ್ಪೆಕ್ಟ್ರಮ್ ಪರದೆಯ ಮೇಲೆ ಚಿತ್ರ ಮೂಡಿಸುವ ಸದ್ದುಗಳನ್ನೂ ಕಳಿಸಿದ್ದರು. 4625ರಲ್ಲಿ ಸಂಗೀತ ಕೇಳಿದರೆ ಅದಕ್ಕೆ ಅರ್ಥ ಹುಡುಕಬೇಡಿ.

ಹಗಲಿನಲ್ಲಿ ಈ ಫ್ರೀಕ್ವೆನ್ಸಿಯನ್ನು ಅಯಾನುಗೋಲದ ಡಿ ಪದರ ಹೀರಿಬಿಡುತ್ತದೆ. ನಿಮ್ಮೂರಲ್ಲಿ ಕತ್ತಲಾದರೆ ಸಾಲದು, ಪಶ್ಚಿಮ ರಷ್ಯಾದಿಂದ ನಿಮ್ಮವರೆಗಿನ ದಾರಿಯೆಲ್ಲ ಕತ್ತಲಾಗಿರಬೇಕು. ಇದೇ ಬಳಗದ 'ಪಿಪ್' ಹಗಲು 5448, ರಾತ್ರಿ 3756ರಲ್ಲಿ ಇರುತ್ತದೆ. ಹೊತ್ತಿಗೆ ತಕ್ಕಂತೆ ಜಾಗ ಬದಲಿಸುವುದರ ಹಿಂದೆ ಇರುವುದೂ ಇದೇ ಕಾರಣ.

ಅಂಕಿ ಓದುವವರು

ಇಂಗ್ಲಿಷ್ ಅಂಕಿ ಕೇಳಿಸಿದರೆ ಮೊದಲು ಹವಾಮಾನವೇ ಎಂದು ನೋಡಿ. ವೊಲ್‌ಮೆಟ್ ಕೇಂದ್ರಗಳು ಯುಎಸ್‌ಬಿಯಲ್ಲಿ ವಿಮಾನ ನಿಲ್ದಾಣಗಳ ಗಾಳಿ, ಉಷ್ಣಾಂಶ, ಒತ್ತಡಗಳನ್ನು ಏಕಸ್ವರದಲ್ಲಿ ಓದುತ್ತವೆ. ಐರ್ಲೆಂಡಿನ ಶ್ಯಾನನ್ 5505 ಮತ್ತು 8957ರಲ್ಲಿ, ಏಷ್ಯಾದ ಹಲವು ಕೇಂದ್ರಗಳು 6676 ಮತ್ತು 11387ರಲ್ಲಿ ಸರದಿಯಂತೆ ಐದೈದು ನಿಮಿಷ. ನಡುನಡುವೆ ಊರಿನ ಹೆಸರು, 'ವಿಂಡ್', 'ಕ್ಯೂಎನ್‌ಎಚ್' (ಗಾಳಿಯ ಒತ್ತಡ) ಕೇಳಿದರೆ ಮುಗಿಯಿತು. ಕೆಲವೇ ನಿಮಿಷದಲ್ಲಿ ಮಾಯವಾಯಿತು ಎಂಬ ನಿಮ್ಮ ವಿವರಣೆ ಈ ಸರದಿಗೂ ಹೊಂದುತ್ತದೆ.

ಅಂಕಿ ಅಕ್ಷರ ಬೆರೆತು, 'ಆಲ್ಫಾ', 'ಬ್ರಾವೊ' ಎಂದು ಬಿಡಿಸಿ ಓದಿದರೆ ಅಮೆರಿಕದ ವಾಯುಪಡೆಯ ಜಾಲವನ್ನು ಶಂಕಿಸಿ: 4724, 8992, 11175, 15016 ಕಿಲೋಹರ್ಟ್ಸ್, ಯುಎಸ್‌ಬಿ. ಮೊದಲ ಆರು ಅಕ್ಷರಗಳನ್ನು ಹಲವು ಸಲ ಹೇಳಿ, ಆಮೇಲೆ ಸಾಮಾನ್ಯವಾಗಿ 30 ಅಕ್ಷರಗಳ ಸಂದೇಶ ಓದುತ್ತಾರೆ. ಇದರಲ್ಲಿ ಕದ್ದುಮುಚ್ಚಿದ್ದು ಒಳವಿಷಯ ಮಾತ್ರ. ಯಾರೆಂಬುದನ್ನು ಅವರು ಮುಚ್ಚಿಡುವುದೇ ಇಲ್ಲ.

ಇವೆರಡೂ ಅಲ್ಲ, ಬರೀ ಐದೈದು ಅಂಕಿಗಳ ಗುಂಪು ಎಂದಾದರೆ ಅದು ನಂಬರ್ಸ್ ಸ್ಟೇಷನ್. ಎನಿಗ್ಮಾ ಎಂಬ ಕೇಳುಗರ ಬಳಗ 1990ರ ದಶಕದಲ್ಲಿ ಇವಕ್ಕೆ ಕೊಟ್ಟ ಗುರುತುಗಳೇ ಈಗಲೂ ನಡೆಯುತ್ತಿವೆ: ಇಂಗ್ಲಿಷ್ ಆದರೆ ಇ, ಜರ್ಮನ್ ಜಿ, ಸ್ಲಾವ್ ಭಾಷೆಗಳು ಎಸ್, ಇತರ ಭಾಷೆಗಳು ವಿ, ಮೋರ್ಸ್ ಎಂ. ಬಜರ್‌ನ ಸಂಖ್ಯೆ ಎಸ್28. ಕ್ಯೂಬಾದ ಎಚ್‌ಎಂ01 ಮಿಶ್ರ ತಳಿ, ಸ್ಪ್ಯಾನಿಷ್ ಹೆಣ್ಣುದನಿಯ ಅಂಕಿಗಳ ಮಧ್ಯೆ ಡೇಟಾ ಸದ್ದು ಬರುತ್ತದೆ. ಪ್ರತಿ ಕೇಂದ್ರಕ್ಕೂ ತನ್ನದೇ ಅಚ್ಚು ಇರುವುದರಿಂದ ಗುರುತು ಸಿಗುವುದು ಮೊದಲ ಎರಡು ನಿಮಿಷದಲ್ಲಿ ಮತ್ತು ಮುಕ್ತಾಯದಲ್ಲಿ. ಮಧ್ಯದ ಅಂಕಿಗಳು ತಪ್ಪಿದರೆ ಚಿಂತೆಯಿಲ್ಲ, ಆರಂಭ ತಪ್ಪಿದರೆ ನಷ್ಟ.

ಇ07 ಎಂಬ ರಷ್ಯನ್ ಮೂಲದ್ದೆನ್ನಲಾದ ಮಾದರಿ ಗಂಡುದನಿಯಲ್ಲಿ ಇಂಗ್ಲಿಷ್ ಓದುತ್ತದೆ, ನಿಮ್ಮ ವಿವರಣೆಗೆ ಹೊಂದುತ್ತದೆ. ಮೂರಂಕಿಯ ಕರೆಸಂಖ್ಯೆಯನ್ನು ಮತ್ತೆ ಮತ್ತೆ ಹೇಳಿ, ಜೊತೆಗೆ ಎಷ್ಟು ಸಂದೇಶವಿದೆ ಎಂಬ ಅಂಕಿ, ಆಮೇಲೆ ಗುಂಪುಗಳು, ಕೊನೆಗೆ 000 000. ಅದೇ ಸಂದೇಶ 20 ನಿಮಿಷದ ಅಂತರದಲ್ಲಿ ಮೂರು ಫ್ರೀಕ್ವೆನ್ಸಿಗಳಲ್ಲಿ ಬರುತ್ತದೆ, ಆ ಮೂರರ ನೂರರ ಸ್ಥಾನದ ಅಂಕಿಗಳೇ ಕರೆಸಂಖ್ಯೆ. ಲೆಕ್ಕಕ್ಕೊಂದು ಕಾಲ್ಪನಿಕ ಉದಾಹರಣೆ: 9372ರಲ್ಲಿ ಮೊದಲ ಪ್ರಸಾರ ಕೇಳಿ ಕರೆಸಂಖ್ಯೆ 315 ಎಂದಿದ್ದರೆ, ಮುಂದಿನದರ ನೂರರ ಸ್ಥಾನ 1, ಅದರ ನಂತರದ್ದು 5. 8100–8199ರ ನಡುವೆ, ಆಮೇಲೆ 7500–7599ರ ನಡುವೆ ಹುಡುಕಿದರೆ ಸಿಗುವ ಸಂಭವ ಹೆಚ್ಚು. ಎಸ್‌ಡಿಆರ್ ಇದ್ದವರಿಗೆ ನೂರು ಕಿಲೋಹರ್ಟ್ಸ್ ಒಂದೇ ಪರದೆಯಲ್ಲಿ ಕಾಣುವುದರಿಂದ ಇದು ಕಷ್ಟವೇ ಅಲ್ಲ.

ಬಿಡಿಸಿ ಓದಲು ಏಕೆ ಆಗುವುದಿಲ್ಲ? ಸಂದೇಶವನ್ನು ಮೊದಲು ಅಂಕಿಗಳಾಗಿ ಬರೆದು, ಒಂದೇ ಸಲ ಬಳಸುವ ಯಾದೃಚ್ಛಿಕ ಅಂಕಿಗಳ ಹಾಳೆಯ ಜೊತೆ ಕೂಡಿಸುತ್ತಾರೆ, ದಶಕ ಒಯ್ಯದೆ. ಮೂಲ 48213, ಹಾಳೆಯಲ್ಲಿ 90757 ಇದ್ದರೆ ಪ್ರಸಾರವಾಗುವುದು 38960. ಕೇಳಿದವರು ಅದೇ ಹಾಳೆಯನ್ನು ಕಳೆದು ಓದುತ್ತಾರೆ, ಹಾಳೆ ಸುಡುತ್ತಾರೆ. ಹಾಳೆ ಇಲ್ಲದವರಿಗೆ 38960 ಎಂಬುದು ಯಾವ ಐದಂಕಿ ಬೇಕಾದರೂ ಆಗಿರಬಹುದು, ಎಲ್ಲಕ್ಕೂ ಸಮಾನ ಸಂಭವ. ಎಷ್ಟು ದೊಡ್ಡ ಕಂಪ್ಯೂಟರ್ ತಂದರೂ ಹುಡುಕಲು ಹಿಡಿತವೇ ಇಲ್ಲ; ಇದನ್ನು ಗಣಿತಜ್ಞ ಕ್ಲಾಡ್ ಶ್ಯಾನನ್ 1949ರಲ್ಲಿ ಗಣಿತದಿಂದಲೇ ಸಾಧಿಸಿ ತೋರಿಸಿದರು. ಮುರಿದುಬಿದ್ದ ಪ್ರಸಂಗಗಳಲ್ಲೆಲ್ಲ ಎಡವಿದ್ದು ಬಳಸಿದವರು. 1942ರಲ್ಲಿ ಸೋವಿಯತ್ ಒಕ್ಕೂಟ ಕೆಲವು ಹಾಳೆಗಳನ್ನು ಎರಡೆರಡು ಸಲ ಮುದ್ರಿಸಿತು, ಅದರಿಂದ ಸೋವಿಯತ್ ಸಂದೇಶಗಳನ್ನು ಬಿಡಿಸುವ ವೆನೋನಾ ಯೋಜನೆಯಲ್ಲಿ ಅಮೆರಿಕನ್ನರಿಗೆ ಎಳೆ ಸಿಕ್ಕಿತು. 1998ರಲ್ಲಿ ಫ್ಲಾರಿಡಾದಲ್ಲಿ ಸಿಕ್ಕಿಬಿದ್ದ ಕ್ಯೂಬನ್ ಜಾಲ, ಕ್ಯೂಬಾಕ್ಕೆ ಬೇಹುಗಾರಿಕೆ ಮಾಡಿ 2001ರಲ್ಲಿ ಬಂಧಿತರಾದ ಅನಾ ಮೊಂಟೆಸ್, ಎರಡೂ ಪ್ರಕರಣಗಳಲ್ಲಿ ಶಾರ್ಟ್‌ವೇವ್ ಅಂಕಿಗಳು ನ್ಯಾಯಾಲಯದ ದಾಖಲೆಗೆ ಬಂದವು, ಅವರ ಕಂಪ್ಯೂಟರ್‌ಗಳಿಂದ. ಕಿವಿಯಿಂದ ಕೇಳಿ ಬಿಡಿಸಿದ್ದಲ್ಲ.

ಟರ್ರ್ ಮತ್ತು ಉಳಿದವು

ಇವನ್ನು ಗುರುತಿಸಲು ಕಿವಿಗಿಂತ ಸ್ಪೆಕ್ಟ್ರೋಗ್ರಾಮ್ (ಹೊತ್ತು ಸರಿದಂತೆ ಫ್ರೀಕ್ವೆನ್ಸಿ ಹೇಗೆ ಬದಲಾಗುತ್ತದೆ ಎಂದು ತೋರಿಸುವ ಚಿತ್ರ) ಉತ್ತಮ. ಅಳೆಯಬೇಕಾದದ್ದು ಅಗಲ ಎಷ್ಟು, ಸೆಕೆಂಡಿಗೆ ಎಷ್ಟು ಸಲ ಮರುಕಳಿಸುತ್ತದೆ ಎಂಬ ಎರಡೇ. ಅಗಲ 10 ಕಿಲೋಹರ್ಟ್ಸ್ ದಾಟಿ, ಸೆಕೆಂಡಿಗೆ 50 ಸಲ ಮರುಕಳಿಸುವ ಟರ್ರ್ ಆದರೆ ಕ್ಷಿತಿಜದಾಚೆ ನೋಡುವ ರೇಡಾರ್; ರಷ್ಯಾದ 'ಕಂಟೇನರ್' ಹೀಗೆ ಕೇಳಿಸುತ್ತದೆ. ಸೈಪ್ರಸ್‌ನ ಬ್ರಿಟಿಷ್ ರೇಡಾರ್ 25 ಅಥವಾ 50. ಚೆರ್ನೋಬಿಲ್ ಬಳಿಯ ಹಳೆಯ 'ದೂಗಾ' ಸೆಕೆಂಡಿಗೆ 10 ಸಲ ಕುಟ್ಟುತ್ತಿತ್ತು, 1976ರಿಂದ 1989ರವರೆಗೆ ಶಾರ್ಟ್‌ವೇವ್ ಬಳಸುವವರಿಗೆಲ್ಲ ಕಾಟ ಕೊಟ್ಟಿತು. ಸೆಕೆಂಡಿಗೆ ಒಂದೆರಡೇ ಸಲ ಸೂಯ್ ಎಂದು ಜಾರಿದರೆ ಅದು ಸಮುದ್ರದ ಪ್ರವಾಹ ಅಳೆಯುವ ಕೋಡಾರ್. 'ಚಿಪ್' ಎಂದು ಒಮ್ಮೆ ಹಾರಿಹೋದರೆ ಅಯಾನುಗೋಲ ಅಳೆಯುವ ಚರ್ಪ್ ಸೌಂಡರ್: ಸೆಕೆಂಡಿಗೆ 100 ಕಿಲೋಹರ್ಟ್ಸ್ ವೇಗದಲ್ಲಿ ಇಡೀ ಬ್ಯಾಂಡ್ ಗುಡಿಸುತ್ತದೆ, 2.7 ಕಿಲೋಹರ್ಟ್ಸ್ ಫಿಲ್ಟರ್ ಮೂಲಕ 27 ಮಿಲಿಸೆಕೆಂಡ್ ಮಾತ್ರ ಕೇಳಿಸುತ್ತದೆ. 750ರಿಂದ 2500 ಹರ್ಟ್ಸ್ ನಡುವೆ ಎಂಟು ಸ್ವರಗಳು ಚಿಲಿಪಿಲಿಗುಟ್ಟಿದರೆ ಎಎಲ್‌ಇ, ರೇಡಿಯೊಗಳು ಪರಸ್ಪರ ಸಂಪರ್ಕ ಸಾಧಿಸುವ ಸದ್ದು.

ಹೊಸಬರಿಗೆ ಒಳ್ಳೆಯ ಅಭ್ಯಾಸ ರಷ್ಯಾ ನೌಕಾಪಡೆಯ ಏಕಾಕ್ಷರ ಬೀಕನ್‌ಗಳು. ಡಯಲನ್ನು 7038, ಯುಎಸ್‌ಬಿಗೆ ಇಡಿ. ಮೋರ್ಸ್‌ನಲ್ಲಿ ಒಂದೇ ಅಕ್ಷರ ಪದೇ ಪದೇ ಬರುತ್ತದೆ: 1000 ಹರ್ಟ್ಸ್ ಸ್ವರದಲ್ಲಿ ಸಿ ಬಂದರೆ ಮಾಸ್ಕೋ, 1200ರಲ್ಲಿ ಎಫ್ ಬಂದರೆ ವ್ಲಾದಿವೊಸ್ತೋಕ್, 1300ರಲ್ಲಿ ಕೆ ಬಂದರೆ ಕಮ್ಚಾಟ್ಕಾ. ಯಾವ ಅಕ್ಷರ ಜೋರಾಗಿದೆ ಎಂಬುದರಿಂದ ಆ ಹೊತ್ತಿಗೆ ಯಾವ ದಿಕ್ಕಿನ ದಾರಿ ತೆರೆದಿದೆ ಎಂಬುದೂ ತಿಳಿಯುತ್ತದೆ.

ರೆಕಾರ್ಡ್ ಮಾಡುವಾಗ ನಾಯ್ಸ್ ರಿಡಕ್ಷನ್ ಆರಿಸಿ, ಎಜಿಸಿಯನ್ನು (ಸದ್ದಿನ ಮಟ್ಟವನ್ನು ತಾನೇ ಹೊಂದಿಸುವ ಸೌಲಭ್ಯ) ನಿಧಾನಕ್ಕೆ ಇಡಿ, ಎಂಪಿ3 ಬೇಡ, ಡಬ್ಲ್ಯೂಎವಿ ಇರಲಿ. ಎಂಪಿ3 ಕಿವಿಗೆ ಬೇಡವಾದದ್ದನ್ನು ಎಸೆಯುತ್ತದೆ, ಅಳತೆಗೆ ಬೇಕಾದದ್ದು ಅದೇ. 12 ಕಿಲೋಹರ್ಟ್ಸ್, 16 ಬಿಟ್ ಮೋನೋ ಗಂಟೆಗೆ ಸುಮಾರು 86 ಎಂಬಿ ಆಗುತ್ತದೆ. ಆರಂಭ ತಪ್ಪದಿರಲು ಐಕ್ಯೂ ರೆಕಾರ್ಡಿಂಗ್ (ಬ್ಯಾಂಡಿನ ಒಂದು ತುಂಡನ್ನೇ ಇಡಿಯಾಗಿ ಉಳಿಸಿಕೊಳ್ಳುವುದು) ಇನ್ನೂ ಚೆನ್ನ, ಆದರೆ 2 ಮೆಗಾಹರ್ಟ್ಸ್ ಅಗಲಕ್ಕೆ 16 ಬಿಟ್‌ನಲ್ಲಿ ಗಂಟೆಗೆ 28.8 ಜಿಬಿ; 200 ಕಿಲೋಹರ್ಟ್ಸ್‌ಗೆ ಇಳಿಸಿಕೊಳ್ಳಿ. ಸ್ಪೆಕ್ಟ್ರೋಗ್ರಾಮ್ ನೋಡುವಾಗ ಹೆಚ್ಚಿನವರು ಎಡವುವುದು ಎಫ್‌ಎಫ್‌ಟಿ (ಸದ್ದನ್ನು ಫ್ರೀಕ್ವೆನ್ಸಿಗಳಾಗಿ ಬಿಡಿಸುವ ಲೆಕ್ಕ) ಗಾತ್ರದಲ್ಲಿ. 12 ಕಿಲೋಹರ್ಟ್ಸ್ ರೆಕಾರ್ಡಿಂಗ್‌ಗೆ 4096 ಇಟ್ಟರೆ 3 ಹರ್ಟ್ಸ್ ಅಂತರದ ಸ್ವರಗಳೂ ಬೇರೆಯಾಗುತ್ತವೆ, ಆದರೆ ಒಂದೊಂದು ಚೌಕಟ್ಟು ಮೂರನೇ ಒಂದು ಸೆಕೆಂಡ್. ಸೆಕೆಂಡಿಗೆ 50 ಸಲ ಗುಡಿಸುವ ರೇಡಾರ್ ಅದರಲ್ಲಿ ಬರೀ ಅಡ್ಡಗೆರೆಗಳಾಗಿ ಕಾಣುತ್ತದೆ. 128ಕ್ಕೆ ಇಳಿಸಿದರೆ ಚೌಕಟ್ಟು 11 ಮಿಲಿಸೆಕೆಂಡ್ ಆಗಿ ಒಂದೊಂದು ಗುಡಿಸುವಿಕೆಯೂ ಬಿಡಿಯಾಗಿ ಕಾಣುತ್ತದೆ.

ಎಲ್ಲಿಂದ ಬರುತ್ತಿದೆ ಎಂದು ಅಂದಾಜಿಸಲು ಕಿವಿಎಸ್‌ಡಿಆರ್‌ಗಳಲ್ಲಿ ಟಿಡಿಒಎ ಸೌಲಭ್ಯವಿದೆ. ಜಿಪಿಎಸ್ ಗಡಿಯಾರವಿರುವ ನಾಲ್ಕೈದು ರಿಸೀವರ್‌ಗಳಿಗೆ ಒಂದೇ ಸಿಗ್ನಲ್ ಎಷ್ಟು ಹಿಂದುಮುಂದಾಗಿ ತಲುಪಿತು ಎಂಬುದರಿಂದ ಜಾಗ ಲೆಕ್ಕ ಹಾಕುತ್ತದೆ; 1 ಮಿಲಿಸೆಕೆಂಡ್ ಎಂದರೆ 300 ಕಿಲೋಮೀಟರ್. ರಿಸೀವರ್‌ಗಳು ಶಂಕಿತ ಪ್ರದೇಶದ ಸುತ್ತ ಇರಲಿ. ಎಲ್ಲವೂ ಒಂದೇ ಕಡೆ ಇದ್ದರೆ ನಕ್ಷೆಯಲ್ಲಿ ಸಾವಿರಾರು ಕಿಲೋಮೀಟರ್ ಉದ್ದದ ಬಾಲ ಬರುತ್ತದೆ. ಏರಿಳಿತವಿಲ್ಲದ ಒಂಟಿ ಸ್ವರಕ್ಕೆ ಇದು ನಡೆಯದು, ಹೋಲಿಸಲು ಗುರುತಿನ ಬಿಂದುಗಳು ಬೇಕು. ಅಲೆ ಮೇಲೆ ಹೋಗಿ ಇಳಿಯುವ ದಾರಿ ಉದ್ದವಾದ್ದರಿಂದ ನೂರಿನ್ನೂರು ಕಿಲೋಮೀಟರ್ ತಪ್ಪು ಸಹಜ. ಇಷ್ಟರಿಂದ ದೇಶ ಗೊತ್ತಾಗಬಹುದು, ಕಟ್ಟಡ ಗೊತ್ತಾಗುವುದಿಲ್ಲ.

ಕಾನೂನು ದೇಶದಿಂದ ದೇಶಕ್ಕೆ ಬೇರೆ. ಕೆಲವೆಡೆ ಯಾವುದನ್ನು ಬೇಕಾದರೂ ಕೇಳಬಹುದು, ಕೆಲವೆಡೆ ಸಾರ್ವಜನಿಕರಿಗಲ್ಲದ ಪ್ರಸಾರ ಕೇಳುವುದೋ, ಕೇಳಿದ್ದನ್ನು ಹಂಚುವುದೋ ಅಪರಾಧ. ನಿಮ್ಮ ದೇಶದ ರೇಡಿಯೊ ನಿಯಮ ಓದಿಕೊಂಡೇ ರೆಕಾರ್ಡಿಂಗ್ ಹಂಚಿ. ಈ ಫ್ರೀಕ್ವೆನ್ಸಿಗಳಲ್ಲಿ ಪರವಾನಗಿಯಿಲ್ಲದೆ ಪ್ರಸಾರ ಮಾಡುವುದಂತೂ ಸಲ್ಲದು.

ನಿಮ್ಮ ಇಂಗ್ಲಿಷ್ ಅಂಕಿಗಳ ದಿನಾಂಕ, ಸಮಯ ನೆನಪಿದ್ದರೆ ಅದನ್ನು ಯುಟಿಸಿಗೆ (ಜಾಗತಿಕ ಪ್ರಮಾಣ ಸಮಯಕ್ಕೆ) ಬದಲಿಸಿ, ವಾರದ ಅದೇ ದಿನ, ಅದೇ ಹೊತ್ತಿಗೆ ಹತ್ತು ನಿಮಿಷ ಮುಂಚೆ ಅದೇ ಫ್ರೀಕ್ವೆನ್ಸಿಯಲ್ಲಿ ಐಕ್ಯೂ ರೆಕಾರ್ಡಿಂಗ್ ಹಾಕಿ ಕಾಯಿರಿ. ಇಂಥ ಕೇಂದ್ರಗಳು ವೇಳಾಪಟ್ಟಿ ಮೀರುವುದು ಅಪರೂಪ. ಎರಡು ವಾರ ಏನೂ ಬರದಿದ್ದರೆ ಹಿಂದಿನ ಮತ್ತು ಮುಂದಿನ ತಿಂಗಳ ಫ್ರೀಕ್ವೆನ್ಸಿ ಬೇರೆ ಇರುವ ಸಾಧ್ಯತೆ ನೋಡಿ, ಋತು ಬದಲಾದಂತೆ ಅವರೂ ಜಾಗ ಬದಲಿಸುತ್ತಾರೆ. ಲಾಗ್ ಪುಸ್ತಕದಲ್ಲಿ ಕಿಲೋಹರ್ಟ್ಸ್, ಮೋಡ್, ಶುರು ಮತ್ತು ಕೊನೆಯ ನಿಮಿಷ, ಮೊದಲು ಕೇಳಿದ ಕರೆಸಂಖ್ಯೆ, ಮುಕ್ತಾಯದ ಪದ, ಬಳಸಿದ ರಿಸೀವರ್ ಇಷ್ಟನ್ನು ಬರೆಯಿರಿ. ಬರೀ ರಿಮೋಟ್ ಎಸ್‌ಡಿಆರ್‌ನಲ್ಲಿ ಕೇಳಿದ್ದಾದರೆ ಆ ರಿಸೀವರ್ ಇರುವ ಊರನ್ನೂ ಬರೆಯಿರಿ, ಇಲ್ಲದಿದ್ದರೆ ನಿಮ್ಮ ಲಾಗ್ ನೋಡುವವರು ಸಿಗ್ನಲ್ ನಿಮ್ಮೂರಿಗೆ ತಲುಪುತ್ತದೆ ಎಂದುಕೊಳ್ಳುತ್ತಾರೆ.